ಮ್ಯಾಕರೋನಿ ವೆಸ್ಟರ್ನ್ ಗೊತ್ತು... ನಿಪ್ಪಾಣಿ ಮ್ಯಾಕರೋನಿ ಗೊತ್ತೇ?

ಮೊದಲಿಗೆ ಒಂದು ಸಣ್ಣ ಪ್ರಶ್ನೆ. ಬಾಯಲ್ಲಿ ಚುಟ್ಟಾ ಕಚ್ಚಿ, ಹೆಗಲ ಮೇಲೆ ಕಂಬಳಿಯಂಥದ್ದೊಂದನ್ನು ಇಳಿಬಿಟ್ಟು, ಕಣ್ಣು ಕಿರಿದು ಮಾಡಿ ಎದುರಾಳಿಯನ್ನು ದಿಟ್ಟಿಸುವ ಕ್ಲಿಂಟ್ ಈಸ್ಟ್‌ವುಡ್‌ನನ್ನು ನೀವೆಲ್ಲ ಬಲ್ಲಿರಿ. 1964ರಲ್ಲಿ ಇಟಲಿಯ ಸೆರ್ಜಿಯೋ ಲಿಯೋನೆ ಆತನನ್ನು ಹಾಕಿಕೊಂಡು ‘ಎ ಫಿಸ್ಟ್‌ಫುಲ್ ಆಫ್ ಡಾಲರ್ಸ್’ ತೆಗೆದ. ಕಥೆ ಜಪಾನಿನ ಅಕಿರ ಕುರೊಸಾವಾರ ‘ಯೊಜಿಂಬೋ’ (1961) ಚಿತ್ರದ್ದು. ಹೇಳದೆ ಕೇಳದೆ ಎತ್ತಿದ್ದಕ್ಕೆ ಜಗಳವೂ ಆಯಿತು, ದುಡ್ಡೂ ಕೊಡಬೇಕಾಯಿತು. ಇಟಲಿಯವರು ತೆಗೆದ ಇಂಥ ಕುದುರೆ-ಬಂದೂಕಿನ ಚಿತ್ರಗಳಿಗೆ ಜಗತ್ತು ‘ಸ್ಪಾಗೆಟಿ ವೆಸ್ಟರ್ನ್’ ಎಂದು ಹೆಸರಿಟ್ಟಿತು. ಆದರೆ ಕಥೆ ಕಳಕೊಂಡ ಜಪಾನಿನಲ್ಲಿ ಇವಕ್ಕೆ ಏನಂತಾರೆ ಗೊತ್ತೇ? ‘ಮ್ಯಾಕರೋನಿ ವೆಸ್ಟರ್ನ್’! ಸ್ಪಾಗೆಟಿ ಎಂದರೆ ತೀರಾ ತೆಳುವಾಯಿತು ಅಂತ ಅಲ್ಲಿಯ ವಿಮರ್ಶಕ ನಾಗಹಾರು ಯೊದೊಗಾವಾ ಹೆಸರು ಬದಲಿಸಿದರಂತೆ. ಮ್ಯಾಕರೋನಿಯ ಹೊಟ್ಟೆಯಲ್ಲಿ ಏನೂ ಇರೋದಿಲ್ಲ, ಅದಕ್ಕೇ ಆ ಹೆಸರು ಎಂದು ಕುಹಕ ಆಡುವವರೂ ಇದ್ದಾರೆ.

ನಮ್ಮಲ್ಲೂ ಆ ಗಾಳಿ ಬೀಸಿತು. 1971ರಲ್ಲಿ ತೆಲುಗಿನ ಕೃಷ್ಣ ‘ಮೋಸಗಾಳ್ಳಕು ಮೋಸಗಾಡು’ ಚಿತ್ರದಲ್ಲಿ ಕೌಬಾಯ್ ಟೋಪಿ ಹಾಕಿದರು. 1975ರಲ್ಲಿ ನಮ್ಮ ರಾಮನಗರದ ಬಂಡೆಗಳ ನಡುವೆ ತೆಗೆದ ‘ಶೋಲೆ’ ಬಂತು. ಬಂದೂಕಿನ ಮ್ಯಾಕರೋನಿಯನ್ನು ಹೀಗೆ ಹತ್ತಾರು ಸಲ ಟಿಕೆಟ್ ತಗೊಂಡು ನೋಡಿದವರು ನಾವು. ಒಲೆ ಮೇಲಿನ ಮ್ಯಾಕರೋನಿ? ಅದನ್ನು ಎಷ್ಟು ಜನ ಮನೆಯಲ್ಲಿ ಮಾಡಿದ್ದೀರಿ, ಕೈ ಎತ್ತಿ ನೋಡೋಣ!

ಯಾರೂ ಎತ್ತೋದಿಲ್ಲ ಅಂತ ಗೊತ್ತಿತ್ತು. ಅದಕ್ಕೇ ಈ ವಾರ ನಟ-ನಟಿಯರ ಗಾಸಿಪ್ಪಿಗೆ ಸ್ವಲ್ಪ ಬಿಡುವು ಕೊಟ್ಟು, ಆಡಿನ ಹಾಲಿನ ಚೀಸ್ ಹಾಕಿ ಭಟ್ಟಿಯಲ್ಲಿ ಬೇಯಿಸಿದಂಥ ಮ್ಯಾಕರೋನಿಯನ್ನು ಮನೆಯಲ್ಲೇ ಮಾಡುವ ವಿದ್ಯೆ ಹೇಳಿಕೊಡುತ್ತೇವೆ. ಶೂಟಿಂಗ್ ಸ್ಪಾಟ್ ಯಾವುದು ಅಂತೀರಾ? ಇಟಲಿ ಅಲ್ಲ ಸ್ವಾಮೀ... ನಿಪ್ಪಾಣಿ!

ನಿಪ್ಪಾಣಿಯೇ ಯಾಕೆ?

ಪುಣೆ-ಬೆಂಗಳೂರು ಹೆದ್ದಾರಿಯಲ್ಲಿ ಬೆಳಗಾವಿ ದಾಟಿ ಸುಮಾರು 75 ಕಿಲೋಮೀಟರ್ ಹೋದರೆ ನಿಪ್ಪಾಣಿ. ಇನ್ನೊಂದು 40 ಕಿಲೋಮೀಟರ್ ಹೋದರೆ ಕೊಲ್ಲಾಪುರ. ಬಸ್ ಸ್ಟ್ಯಾಂಡಿನಲ್ಲಿ ಕನ್ನಡವೂ ಕೇಳುತ್ತದೆ, ಮರಾಠಿಯೂ ಕೇಳುತ್ತದೆ. ಒಂದೇ ಬಾಯಲ್ಲಿ ಎರಡೂ ಬರುತ್ತವೆ. ಎಲ್ಲಿಂದಲೋ ಬಂದದ್ದನ್ನು ತನ್ನದು ಮಾಡಿಕೊಳ್ಳೋದು ಈ ಸೀಮೆಗೆ ಹೊಸದಲ್ಲ. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ವನ್ನೇ ನೋಡಿ. 1934ರ ಮಾರ್ಚ್ 3ರಂದು ತೆರೆ ಕಂಡ ಆ ಚಿತ್ರ ತಯಾರಾದದ್ದು ಬೆಂಗಳೂರಿನಲ್ಲೂ ಅಲ್ಲ, ಮದರಾಸಿನಲ್ಲೂ ಅಲ್ಲ, ಕೊಲ್ಲಾಪುರದ ಛತ್ರಪತಿ ಸ್ಟುಡಿಯೋದಲ್ಲಿ! ವೈ.ವಿ. ರಾವ್ ನಿರ್ದೇಶನ, ಸುಬ್ಬಯ್ಯ ನಾಯ್ಡು ಇಂದ್ರಜಿತು, ತ್ರಿಪುರಾಂಬಾ ಸುಲೋಚನೆ, ಆರ್. ನಾಗೇಂದ್ರರಾಯರ ರಾವಣ. ಪರವೂರ ಭಟ್ಟಿಯಲ್ಲಿ ಬೆಂದಿತೆಂದು ಅದನ್ನು ಯಾರಾದರೂ ಪರರ ಚಿತ್ರ ಅಂದರೇ?

ಇನ್ನೊಂದು ಚಿತ್ರದ ಮಾತು ಹೇಳಲೇಬೇಕು. ಇದರಲ್ಲಿ ಹೀರೋ ಇಲ್ಲ, ಫೈಟ್ ಇಲ್ಲ, ಟಿಕೆಟ್ ಬ್ಲ್ಯಾಕಿನಲ್ಲಿ ಹೋದದ್ದಲ್ಲ. 1982ರಲ್ಲಿ ‘ಯುಗಾಂತರ’ ಎಂಬ ಹೆಣ್ಣುಮಕ್ಕಳ ಚಿತ್ರತಂಡ ನಿಪ್ಪಾಣಿಗೆ ಬಂದು ‘ತಂಬಾಕು ಚಾಕಿಲಾ ಓಬ್ ಆಲಿ’ ಎಂಬ ಸಾಕ್ಷ್ಯಚಿತ್ರ ತೆಗೆಯಿತು. ದೀಪಾ ಧನರಾಜ್ ಮತ್ತು ಗೆಳತಿಯರ ತಂಡ ಅದು. ಕ್ಯಾಮೆರಾ ಹಿಂದೆ ‘ದುವಿಧಾ’ ಖ್ಯಾತಿಯ ನವರೋಜ್ ಕಾಂಟ್ರಾಕ್ಟರ್. ನಿಪ್ಪಾಣಿ ಅಂದರೆ ತಂಬಾಕು. ಆ ತಂಬಾಕನ್ನು ಕುಟ್ಟಿ, ಜರಡಿ ಹಿಡಿದು, ಧೂಳು ಕುಡಿಯುತ್ತ ದುಡಿದ ಹೆಂಗಸರು ಸಂಘ ಕಟ್ಟಿ ಮುಷ್ಕರ ಹೂಡಿದ ಕಥೆ ಅದು. ಅರ್ಧ ಗಂಟೆಯೂ ಇಲ್ಲದ ಚಿತ್ರ. ಹಗಲೆಲ್ಲ ವಖಾರದ ಧೂಳಿನಲ್ಲಿ ನಿಂತು ಬಂದ ಹೆಂಗಸು ಮನೆಗೆ ಬಂದ ಮೇಲೂ ಒಲೆ ಮುಂದೆ ಕೂಡಲೇಬೇಕಾದ ಊರು ಇದು. ಗಂಡ ಕಟ್ಟೆ ಮೇಲೆ, ಮಗ ಸೆಕೆಂಡ್ ಶೋನಲ್ಲಿ!

ಇಂದಿಗೂ ಅಲ್ಲಿ ಮೊರದಲ್ಲಿ ಎಲೆ-ತಂಬಾಕು ಇಟ್ಟುಕೊಂಡು ಬೀಡಿ ಕಟ್ಟುವ ತಾಯಂದಿರಿದ್ದಾರೆ. ವಾರಕ್ಕೊಂದು ರಾತ್ರಿ ಆಕೆ ಒಲೆ ಹಚ್ಚದೆ ಉಣ್ಣಬೇಕು. ನಮ್ಮ ಅಡುಗೆಯ ಪಣ ಇಷ್ಟೇ. ಅದಕ್ಕೆ ಮಗನೇ ಕೈ ತೊಳೆದುಕೊಂಡು ಏಳಬೇಕು. ಹೀರೋ ಅಡುಗೆಮನೆಗೆ ಹೋದರೆ ಇಮೇಜಿಗೆ ಧಕ್ಕೆ ಅಂತೀರಾ? 1972ರ ‘ಬಾವರ್ಚಿ’ಯಲ್ಲಿ ಸೌಟು ಹಿಡಿದವರು ಆಗಿನ ಸೂಪರ್‌ಸ್ಟಾರ್ ರಾಜೇಶ್ ಖನ್ನಾ. ಅದನ್ನೇ 2007ರಲ್ಲಿ ‘ನಂ. 73, ಶಾಂತಿನಿವಾಸ’ ಅಂತ ಕನ್ನಡಕ್ಕೆ ತಂದು ಸೌಟು ಹಿಡಿದವರು ನಮ್ಮ ಸುದೀಪ್. ಅವರಿಗಿಲ್ಲದ ನಾಚಿಕೆ ನಿಮಗ್ಯಾಕೆ ಗುರುಗಳೇ?

ಮ್ಯಾಕರೋನಿ ಶ್ಯಾವಿಗೆಯ ನೆಂಟ

‘ಅದು ಫಾರಿನ್ ಮಾಲು, ನಮ್ಮ ಬಾಯಿಗೆ ಹಿಡಿಸೋದಿಲ್ಲ’ ಎನ್ನುವವರು ಒಂದು ನಿಮಿಷ ತಾಳಿ. ಮ್ಯಾಕರೋನಿ ಅಂದರೆ ಏನು? ಗಟ್ಟಿ ಗೋಧಿಯ ರವೆಯನ್ನು ನೀರಲ್ಲಿ ನಾದಿ, ಅಚ್ಚಿನಿಂದ ಒತ್ತಿ, ಒಣಗಿಸಿದ ನಳಿಕೆ. ನಿಮ್ಮ ಅಜ್ಜಿ ಬೇಸಿಗೆಯಲ್ಲಿ ಶ್ಯಾವಿಗೆ ಮಣೆ ಮೇಲೆ ಕೂತು ಹೊಸೆಯುತ್ತಿದ್ದಳಲ್ಲ, ಕೋಲಿನ ಮೇಲೆ ಬಿಸಿಲಿಗೆ ಹಾಕುತ್ತಿದ್ದಳಲ್ಲ, ಅದೇ ಕುಲ. ಮದುವೆ ಮನೆಗಳಲ್ಲಿ ಹೆಂಗಸರು ಕೂಡಿ ಕೂತು ಬೆರಳ ತುದಿಯಲ್ಲಿ ಉರುಳಿಸುವ ಗವಲಿ ಇದೆಯಲ್ಲ, ಅದೂ ಅದೇ ಕುಲ. ಇಟಲಿಯವರು ನಡುವೆ ತೂತು ಮಾಡಿದರು. ತೂತಿನ ಉಪಯೋಗ ಬಹಳ. ಒಳಗೂ ಹೊರಗೂ ಒಂದೇ ಸಮ ಒಣಗುತ್ತದೆ, ಒಂದೇ ಸಮ ಬೇಯುತ್ತದೆ, ಮೇಲಾಗಿ ಸಾಸನ್ನು ಹೊಟ್ಟೆಯೊಳಗೆ ಹಿಡಿದಿಟ್ಟುಕೊಳ್ಳುತ್ತದೆ.

ಗೋಧಿಯ ಕಥೆ ಇನ್ನೂ ಸ್ವಾರಸ್ಯ. ಬೆಳಗಾವಿ, ವಿಜಯಪುರ, ಬಾಗಲಕೋಟೆ ಕಡೆ ಸದಕ ಅಂತ ಕರೆಯುವ ಕೆಂಪು ಗೋಧಿ ಇದೆ. ಕೊಲ್ಲಾಪುರ-ಸಾಂಗಲಿ ಕಡೆ ಅದಕ್ಕೇ ಖಪಲಿ ಅಂತಾರೆ. ಹುಗ್ಗಿಗೂ ಶ್ಯಾವಿಗೆಗೂ ಹೇಳಿ ಮಾಡಿಸಿದ್ದು. ಇದೇ ಜಾತಿಯ ಗೋಧಿಯನ್ನು ಇಟಲಿಯ ಬೆಟ್ಟದ ರೈತರೂ ಬೆಳೆಯುತ್ತಾರೆ, ‘ಫಾರೋ’ ಅಂತ ಕರೆಯುತ್ತಾರೆ! ಧಾರವಾಡದ ಕೃಷಿ ವಿಶ್ವವಿದ್ಯಾಲಯದವರು ಡಿಡಿಕೆ ಎಂಬ ಹೆಸರಿನಲ್ಲಿ ಇದರ ಗಿಡ್ಡ ತಳಿಗಳನ್ನು ಬಿಡುಗಡೆ ಮಾಡಿದ್ದಾರೆ. ಇನ್ನು ಅಂಗಡಿಯ ಮ್ಯಾಕರೋನಿಗೆ ಬೇಕಾದ ಡ್ಯೂರಮ್ ಗೋಧಿ ಕೂಡ ಬಿಜಾಪುರದ ಕರಿನೆಲದ ಹಳೆಯ ಬೆಳೆಯೇ. ಹೀಗಿರುವಾಗ ಫಾರಿನ್ ಯಾವುದು, ಲೋಕಲ್ ಯಾವುದು?

ಇನ್ನೊಂದು ಮಾತು. 1950ರ ದಶಕದಲ್ಲೇ ನಮ್ಮ ಮೈಸೂರಿನ ಸಿ.ಎಫ್.ಟಿ.ಆರ್.ಐ. ಸಂಸ್ಥೆ ಮರಗೆಣಸಿನ ಹಿಟ್ಟು, ಶೇಂಗಾ ಹಿಟ್ಟು, ಗೋಧಿ ರವೆ ಬೆರೆಸಿ ಅಕ್ಕಿಯ ಬದಲಿಗೆ ಎಂದು ಮ್ಯಾಕರೋನಿ ತಯಾರಿಸಿತ್ತು. ಅಕ್ಕಿಯ ಅಭಾವದ ಕಾಲ ಅದು. ಅನ್ನ ಉಣ್ಣುವ ಜನ ಅದನ್ನು ಒಪ್ಪಲಿಲ್ಲ ಬಿಡಿ. ಅನ್ನದ ಬದಲಿಗೆ ಅಂತ ಹೇಳಿದ್ದೇ ತಪ್ಪಾಯಿತು ಎಂದು ನಮ್ಮ ಅಂಬೋಣ. ಮ್ಯಾಕರೋನಿಯನ್ನು ಮ್ಯಾಕರೋನಿ ಅಂತಲೇ ಬಡಿಸಬೇಕು.

ಅಂಗಡಿಯಲ್ಲಿ ಪ್ಯಾಕೆಟ್ ತಗೊಳ್ಳುವಾಗ ಹಿಂಬದಿ ಓದಿ. ‘ಡ್ಯೂರಮ್ ಗೋಧಿ ರವೆ’ ಎಂದಿದ್ದರೆ ಒಳ್ಳೆಯದು. ಬರೀ ಮೈದಾದ್ದಾದರೆ ಬೇಗ ಮೆತ್ತಗಾಗಿ ಗಂಜಿಯಾಗುತ್ತದೆ. ನಾಲ್ಕು ಜನರ ಮನೆಗೆ 200 ಗ್ರಾಂ ಸಾಕು.

ಆಡಿನ ಹಾಲು: ಸೈಡ್ ರೋಲ್ ಅಲ್ಲ, ಲೀಡ್ ರೋಲ್!

‘ಕುರಿಗಳು ಸಾರ್ ಕುರಿಗಳು’ (2001) ನೋಡಿ ನಕ್ಕವರೇ, ಈಗ ಬೇಕಾದ್ದು ಕುರಿಯಲ್ಲ, ಆಡು. ಈ ಭಾಗದಲ್ಲಿ ಕಾಣುವ ಕಪ್ಪು ಬಣ್ಣದ ಉಸ್ಮಾನಾಬಾದಿ ಆಡುಗಳನ್ನು ಸಾಕುವುದು ಹೆಚ್ಚಾಗಿ ಮಾಂಸಕ್ಕೆ. ಹಾಲು ದಿನಕ್ಕೆ ಒಂದು ಲೀಟರ್ ಆಸುಪಾಸು, ಅದೂ ಮರಿಯ ಪಾಲು ಬಿಟ್ಟು. ಆದ್ದರಿಂದ ಡೇರಿ ಬೂತಿನಲ್ಲಿ ಆಡಿನ ಹಾಲು ಕೇಳಿದರೆ ನಿಮ್ಮನ್ನೇ ಆಡನ್ನು ನೋಡಿದ ಹಾಗೆ ನೋಡುತ್ತಾರೆ. ಆಡು ಸಾಕಿದ ಮನೆಗೇ ಹೋಗಿ ಮರ್ಯಾದೆಯಿಂದ ಕೇಳಬೇಕು: ‘ಮಾಮಾ, ಮರಿ ಕುಡದ ಮ್ಯಾಲ ಉಳದ್ರ ಒಂದೂವರೆ ಲೀಟರ್ ಕೊಡ್ರೆಲಾ, ನಾಳೆ ಮುಂಜಾನೆ ಬರ್ತೇನ್ರಿ.’ ಒಂದೇ ಮನೆಯಲ್ಲಿ ಅಷ್ಟು ಸಿಗದಿದ್ದರೆ ಎರಡು ಮನೆ ಸುತ್ತಿ. ಮರಿಯ ಬಾಯಿಂದ ಕಿತ್ತುಕೊಂಡ ಹಾಲು ಮಾತ್ರ ಬೇಡ.

ಆಡಿನ ಹಾಲು ಅಂದರೆ ಗಾಂಧೀಜಿ ನೆನಪಾಗದೇ ಇರುತ್ತಾರೆಯೇ? ಹಾಲು ಮುಟ್ಟುವುದಿಲ್ಲ ಎಂದು ವ್ರತ ತೊಟ್ಟಿದ್ದ ಅವರು ಕಾಯಿಲೆ ಬಿದ್ದು ಸೊರಗಿದಾಗ, ವ್ರತದ ಕಾಲಕ್ಕೆ ಮನಸ್ಸಿನಲ್ಲಿದ್ದದ್ದು ಆಕಳು-ಎಮ್ಮೆ ಮಾತ್ರ ಎಂದು ಕಸ್ತೂರಬಾ ಹೇಳಿ ಆಡಿನ ಹಾಲು ಕುಡಿಯುವಂತೆ ಒಪ್ಪಿಸಿದ್ದು ಪ್ರಸಿದ್ಧ ಸಂಗತಿ. ಅದೇ ಗಾಂಧೀಜಿ 1927ರ ಮಾರ್ಚ್ ಕೊನೆಯಲ್ಲಿ ಕೊಲ್ಲಾಪುರದಲ್ಲಿ ಅಸ್ವಸ್ಥರಾದರು. ಬಂದು ವಿಶ್ರಾಂತಿ ಪಡೆದದ್ದು ನಮ್ಮ ನಿಪ್ಪಾಣಿಯಲ್ಲಿ! ಅಲ್ಲಿಂದ ಅಂಬೋಲಿ, ಆಮೇಲೆ ನಂದಿಬೆಟ್ಟ. ಅಂದ ಹಾಗೆ ‘ಗಾಂಧಿ’ (1982) ಚಿತ್ರದ ವೇಷಭೂಷಣಕ್ಕೆ ಭಾರತದ ಮೊದಲ ಆಸ್ಕರ್ ಗೆದ್ದ ಭಾನು ಅಥೈಯಾ ಹುಟ್ಟಿದ್ದು ಕೊಲ್ಲಾಪುರದಲ್ಲಿ. ಈ ರಸ್ತೆಯಲ್ಲಿ ಎಲ್ಲಿ ಕಲ್ಲೆಸೆದರೂ ಸಿನಿಮಾಕ್ಕೇ ಬೀಳುತ್ತದೆ ನೋಡಿ.

ಆಡಿನ ಹಾಲಿಗೆ ವಾಸನೆ ಅಂತ ಮೂಗು ಮುರಿಯುವವರಿದ್ದಾರೆ. ಸುಳ್ಳಲ್ಲ. ಅದರ ಕೊಬ್ಬಿನಲ್ಲಿ ಕ್ಯಾಪ್ರೋಯಿಕ್, ಕ್ಯಾಪ್ರಿಲಿಕ್, ಕ್ಯಾಪ್ರಿಕ್ ಅಂತ ಮೂರು ಆಮ್ಲಗಳಿವೆ. ಮೂರಕ್ಕೂ ಹೆಸರು ಬಂದದ್ದು ಆಡಿಗೆ ಲ್ಯಾಟಿನ್ನಿನಲ್ಲಿರುವ ‘ಕಾಪ್ರಾ’ ಎಂಬ ಶಬ್ದದಿಂದಲೇ. ಹೋತ ಕಟ್ಟಿದ ಜಾಗದಿಂದ ದೂರ ಹಿಂಡಿ, ಕೆಚ್ಚಲು ತೊಳೆದು, ಹಾಲನ್ನು ಕೂಡಲೇ ಮುಚ್ಚಿ ತಂಪಿನಲ್ಲಿಟ್ಟರೆ ವಾಸನೆ ಬಹಳ ಮಟ್ಟಿಗೆ ತಗ್ಗುತ್ತದೆ. ಉಳಿದ ಚೂರೇ ಈ ಅಡುಗೆಯ ರುಚಿ. ಅದೂ ಬೇಡ ಅನ್ನುವವರು ಎಮ್ಮೆ ಹಾಲಿನ ಪನೀರ್ ಹಾಕಿಕೊಳ್ಳಲಿ. ಆದರೆ ಅದು ಡ್ಯೂಪ್ ಹಾಕಿ ತೆಗೆದ ಫೈಟ್ ಇದ್ದ ಹಾಗೆ!

ಕಟ್... ಕಟ್! ಒಂದು ಎಚ್ಚರಿಕೆ

ತಮಾಷೆ ಬದಿಗಿಟ್ಟು ಓದಿ. ಆಡಿನ ಹಸಿ ಹಾಲನ್ನು ಬಾಯಿಗೆ ಹಾಕಬೇಡಿ, ಹಸಿ ಹಾಲಿನ ಚೀಸನ್ನೂ ಮಾಡಬೇಡಿ. ಬ್ರೂಸೆಲ್ಲಾ ಎಂಬ ರೋಗಾಣು ಆಡು-ಕುರಿಯ ಹಾಲಿನಿಂದ ಮನುಷ್ಯರಿಗೆ ಬರುತ್ತದೆ. ಬಿಟ್ಟು ಬಿಟ್ಟು ಬರುವ ಜ್ವರ, ರಾತ್ರಿ ಮೈಯೆಲ್ಲ ಬೆವರು, ಸೊಂಟ-ಕೀಲುಗಳ ನೋವು. ವಾರಗಟ್ಟಲೆ, ಕೆಲವರಿಗೆ ತಿಂಗಳುಗಟ್ಟಲೆ. ಮಾಲ್ಟಾ ದ್ವೀಪದಲ್ಲಿದ್ದ ಬ್ರಿಟಿಷ್ ಸೈನಿಕರನ್ನು ಈ ಜ್ವರ ಸಾಲುಸಾಲಾಗಿ ಮಲಗಿಸಿತ್ತು. 1887ರಲ್ಲಿ ಡೇವಿಡ್ ಬ್ರೂಸ್ ಎಂಬ ಡಾಕ್ಟರು ರೋಗಾಣುವನ್ನು ಹಿಡಿದರು. ಆದರೆ ಅದು ಎಲ್ಲಿಂದ ಬರುತ್ತದೆ ಎಂಬ ಪತ್ತೇದಾರಿ ಮುಗಿದದ್ದು 1905ರಲ್ಲಿ. ಮಾಲ್ಟಾದವರೇ ಆದ ಥೆಮಿಸ್ಟೊಕ್ಲಿಸ್ ಝಮ್ಮಿಟ್ ಆಡುಗಳ ರಕ್ತ ಪರೀಕ್ಷಿಸಿದಾಗ ವಿಲನ್ ಸಿಕ್ಕಿಬಿದ್ದ! ಸೈನಿಕರಿಗೆ ಆಡಿನ ಹಾಲು ನಿಲ್ಲಿಸಿದರು, ಜ್ವರ ಇಳಿಯಿತು. ನೋಡಲು ಆಡು ಗಟ್ಟಿಮುಟ್ಟಾಗಿಯೇ ಇರಬಹುದು; ಆದ್ದರಿಂದ ನೋಡಿ ನಂಬೋ ಹಾಗಿಲ್ಲ. ಹಾಲು ಚೆನ್ನಾಗಿ ಉಕ್ಕಿ ಬರಬೇಕು, ಉಕ್ಕಿದ ಮೇಲೂ ಎರಡು ನಿಮಿಷ ಕುದಿಯಬೇಕು. ಕುದಿಸಿದರೆ ರೋಗಾಣುವಿನ ಕಥೆ ಮುಗಿಯಿತು. ಆಡಿನ ಮನೆಯವರಿಗೂ ಈ ಮಾತು ಹೇಳಿ ಬನ್ನಿ. ಆಡು ಈಯುವಾಗ, ಗರ್ಭ ಹಾಕಿದಾಗ ಬರಿಗೈಯಲ್ಲಿ ಮುಟ್ಟುವವರು ಅವರು.

ಇನ್ನೊಂದು ಮಾತು: ಹಾಲು ಒಗ್ಗದವರಿಗೆ ಆಡಿನ ಹಾಲು ಒಗ್ಗುತ್ತದೆ ಅಂತ ಕೆಲವರು ಹೇಳುತ್ತಾರೆ. ಹೊಟ್ಟೆ ಉಬ್ಬಿಸುವ ಲ್ಯಾಕ್ಟೋಸ್ ಸಕ್ಕರೆ ಅದರಲ್ಲೂ ಇದೆ. ಅಂಥವರು ತುತ್ತು ಲೆಕ್ಕ ಹಾಕಿ ಉಣ್ಣಲಿ.

ಟೇಕ್ ಒನ್: ಚೀಸ್

ತಂದ ಒಂದೂವರೆ ಲೀಟರಿನಲ್ಲಿ ಅರ್ಧ ಲೀಟರನ್ನು ಬೇರೆ ಕುದಿಸಿ ಆರಿಸಿ ಇಡಿ. ಅದು ಬಿಳಿ ಸಾಸಿಗೆ. ಉಳಿದ ಒಂದು ಲೀಟರ್ ಚೀಸಿಗೆ. ದಪ್ಪ ತಳದ ಪಾತೇಲಿಯಲ್ಲಿ ಹಾಲು ಕುದಿಸಿ ಕೆಳಗಿಳಿಸಿ, ಎರಡು-ಮೂರು ನಿಮಿಷ ಸುಮ್ಮನೆ ಬಿಡಿ. ಎರಡು ಲಿಂಬೆಹಣ್ಣಿನ ರಸಕ್ಕೆ ಅಷ್ಟೇ ನೀರು ಬೆರೆಸಿಕೊಳ್ಳಿ. ಒಂದೊಂದೇ ಚಮಚ ಹಾಕುತ್ತ, ಮೆಲ್ಲಗೆ, ಎರಡೇ ಸುತ್ತು ತಿರುಗಿಸಿ. ಧಡಧಡ ಕಲಕಬಾರದು. ಹಾಲು ಒಡೆದು ತಿಳಿಹಸಿರು ನೀರು ಬೇರೆಯಾದ ಕೂಡಲೇ ಲಿಂಬೆ ನಿಲ್ಲಿಸಿ. ರಸ ಉಳಿದರೆ ಉಳಿಯಲಿ.

ಎಮ್ಮೆ ಹಾಲು ಒಡೆದಾಗ ದೊಡ್ಡ ದೊಡ್ಡ ಗಡ್ಡೆ ಬರುತ್ತದೆ. ಆಡಿನದು ಹಾಗಲ್ಲ, ಸಣ್ಣ ಸಣ್ಣ, ಮೆತ್ತನೆಯ ಕಣ. ‘ಕೆಟ್ಟುಹೋಯ್ತು’ ಅಂತ ಚೆಲ್ಲಬೇಡಿ! ಗಟ್ಟಿ ಗಡ್ಡೆ ಕಟ್ಟಿಸುವ ಒಂದು ಬಗೆಯ ಪ್ರೋಟೀನು ಆಡಿನ ಹಾಲಿನಲ್ಲಿ ಕಡಿಮೆ, ಅದಕ್ಕೇ ಹಾಗೆ. ಬಣ್ಣ ಸುಣ್ಣದಂತೆ ಬಿಳುಪು. ಹಸುವಿನ ಹಾಲಿಗೆ ಹಳದಿ ಛಾಯೆ ಕೊಡುವ ಕ್ಯಾರೊಟಿನ್ನನ್ನು ಆಡು ತನ್ನ ಮೈಯಲ್ಲೇ ವಿಟಮಿನ್ ‘ಎ’ ಆಗಿ ಬದಲಿಸಿಬಿಡುತ್ತದೆ.

ತೊಳೆದ ಹಳೆಯ ಧೋತರದ ತುಂಡನ್ನು ಒದ್ದೆ ಮಾಡಿ, ಒಂದು ಬೋಗುಣಿಯ ಮೇಲೆ ಹಾಸಿ ಸುರಿಯಿರಿ. ಗಂಟು ಕಟ್ಟಿ ಗೂಟಕ್ಕೆ ತೂಗುಬಿಡಿ. ಹಿಂಡಬೇಡಿ, ಕಣಗಳೆಲ್ಲ ಬಟ್ಟೆಯಿಂದ ಹೊರಬರುತ್ತವೆ. ನಮ್ಮ ಕೆಲಸಕ್ಕೆ ಒಂದು ಗಂಟೆ ಸಾಕು, ಸ್ವಲ್ಪ ಹಸಿ ಇದ್ದರೇ ಚೆಂದ. ಬಿಚ್ಚಿದಾಗ ನಿಮ್ಮ ಕೈಗೆ 120ರಿಂದ 150 ಗ್ರಾಂ ಬರುತ್ತದೆ. ‘ಒಂದು ಲೀಟರಿಗೆ ಇಷ್ಟೇ?’ ಎನ್ನಬೇಡಿ, ಹಾಲಿನಲ್ಲಿ ಹೆಚ್ಚಿನ ಪಾಲು ನೀರೇ. ಅರ್ಧ ಚಮಚ ಉಪ್ಪು ಹಾಕಿ ಬೆರಳಲ್ಲಿ ಕಲಸಿ. ಬೋಗುಣಿಯಲ್ಲಿ ಇಳಿದ ನೀರು ಚೆಲ್ಲುವುದಲ್ಲ. ನಾಳೆ ಚಪಾತಿ ಹಿಟ್ಟು ಅದರಲ್ಲೇ ನಾದಿದರೆ ಚಪಾತಿ ಹತ್ತಿಯಂತೆ ಬರುತ್ತದೆ.

ಟೇಕ್ ಟೂ: ಮ್ಯಾಕರೋನಿ ಮತ್ತು ಬಿಳಿ ಸಾಸ್

ಎರಡು ಲೀಟರ್ ನೀರು ಮಳ್ಳುತ್ತಿರುವಾಗ ಒಂದು ದೊಡ್ಡ ಚಮಚ ಉಪ್ಪು, ಆಮೇಲೆ ಮ್ಯಾಕರೋನಿ. ಪ್ಯಾಕೆಟ್ಟಿನ ಮೇಲೆ 9 ನಿಮಿಷ ಎಂದಿದ್ದರೆ 7ಕ್ಕೇ ಇಳಿಸಿ, ಉಳಿದದ್ದು ಭಟ್ಟಿಯಲ್ಲಿ ಬೇಯುತ್ತದೆ. ಕಚ್ಚಿದರೆ ನಡುವೆ ಚೂರು ಗಟ್ಟಿ ಸಿಗಬೇಕು. ಬಸಿಯಲು ತೂತಿನ ಪಾತ್ರೆ ಇಲ್ಲವೇ? ‘ದಿ ಅಪಾರ್ಟ್‌ಮೆಂಟ್’ (1960) ಚಿತ್ರದಲ್ಲಿ ಜ್ಯಾಕ್ ಲೆಮನ್ ಸ್ಪಾಗೆಟಿಯನ್ನು ಟೆನಿಸ್ ರ‍್ಯಾಕೆಟ್ಟಿನಲ್ಲಿ ಬಸಿಯುತ್ತಾನೆ! ಒಂಟಿ ರೂಮಿನ ಬ್ರಹ್ಮಚಾರಿಯ ಅಡುಗೆ ಅಂದರೆ ಅದು. ನೀವು ಅಷ್ಟು ದೂರ ಹೋಗಬೇಡಿ, ಮುಚ್ಚಳ ಓರೆ ಮಾಡಿ ಅನ್ನದ ಗಂಜಿ ಬಸಿದ ಹಾಗೆ ಬಸಿಯಿರಿ. ಒಂದು ಲೋಟ ಗಂಜಿ ಮಾತ್ರ ತೆಗೆದಿಡಿ. ಸಾಸು ತೀರಾ ದಪ್ಪವಾದರೆ ಅದೇ ಆಪದ್ಬಾಂಧವ.

ಇನ್ನು ಬಿಳಿ ಸಾಸ್. ನಾವು ಮಾಡಿದ ಲಿಂಬೆ-ಚೀಸಿಗೆ ಒಂದು ಗುಣವಿದೆ: ಎಷ್ಟು ಕಾಸಿದರೂ ಕರಗೋದಿಲ್ಲ, ಪನೀರಿನ ತಮ್ಮ! ಆದ್ದರಿಂದ ಅದೊಂದನ್ನೇ ಹಾಕಿದರೆ ಮ್ಯಾಕರೋನಿ ಬೇರೆ, ಚೀಸ್ ಬೇರೆ ಆಗಿ ಕೂರುತ್ತವೆ. ಎರಡನ್ನೂ ಕೂಡಿಸುವುದು ಸಾಸಿನ ಕೆಲಸ. ಎರಡು ದೊಡ್ಡ ಚಮಚ ಬೆಣ್ಣೆಯಲ್ಲಿ ಸಣ್ಣಗೆ ಹೆಚ್ಚಿದ ಒಂದು ಉಳ್ಳಾಗಡ್ಡಿ, ನಾಲ್ಕು ಎಸಳು ಬೆಳ್ಳುಳ್ಳಿ ಬಾಡಿಸಿ. ಎರಡು ದೊಡ್ಡ ಚಮಚ ಮೈದಾ ಹಾಕಿ ಹಸಿ ವಾಸನೆ ಹೋಗುವ ತನಕ, ಆದರೆ ಕೆಂಪಾಗದ ಹಾಗೆ ಹುರಿಯಿರಿ. ಈಗ ಆರಿಸಿಟ್ಟ ಅರ್ಧ ಲೀಟರ್ ಹಾಲನ್ನು ಸ್ವಲ್ಪ ಸ್ವಲ್ಪವೇ ಹಾಕುತ್ತ ಬಿಡದೆ ತಿರುಗಿಸಿ. ಬಿಸಿ ಹಿಟ್ಟಿಗೆ ತಣ್ಣನೆ ಹಾಲು, ಆಗ ಗಂಟಾಗೋದಿಲ್ಲ. ಆಡಿನ ಹಾಲು ಸ್ವಲ್ಪ ಸಿಡುಕ, ಜೋರು ಉರಿ, ಉಪ್ಪು, ಹುಳಿ ಯಾವುದಕ್ಕೂ ಬೇಗ ಒಡೆಯುತ್ತದೆ. ಉರಿ ಸಣ್ಣಗಿರಲಿ, ಉಪ್ಪು ಕೊನೆಗೆ ಬೀಳಲಿ, ಟೊಮ್ಯಾಟೋ ಹತ್ತಿರ ಸುಳಿಯದಿರಲಿ. ಸೌಟಿನ ಬೆನ್ನಿಗೆ ದೋಸೆ ಹಿಟ್ಟಿನಂತೆ ಅಂಟಿದರೆ ಇಳಿಸಿ.

ನಿಪ್ಪಾಣಿಯ ಸಹಿ ಬೀಳುವುದು ಇಲ್ಲಿ: ಅರ್ಧ ಚಮಚ ಕಾಂದಾ-ಲಸೂಣ ಮಸಾಲೆ. ಇಟಲಿಯವರು ಕೇಳಿದರೆ ಎದೆ ಒಡೆದುಕೊಂಡಾರು, ಒಡೆದುಕೊಳ್ಳಲಿ! ಆದರೆ ಅರ್ಧವೇ ಚಮಚ. ಒಂದಾದರೆ ಆಡಿನ ಹಾಲಿನ ರುಚಿ ಸತ್ತು ತಾಂಬಡಾ ರಸ್ಸಾ ಆಗುತ್ತದೆ. ಆಮೇಲೆ ಮ್ಯಾಕರೋನಿ, ಮುಕ್ಕಾಲು ಪಾಲು ಚೀಸ್, ಚಿಟಿಕೆ ಮೆಣಸಿನ ಪುಡಿ ಹಾಕಿ ಕಲಸಿ. ‘ಸಿನಿಮಾದಾಗ ತೋರಿಸ್ತಾರಲ್ಲ, ಎಳದ್ರ ದಾರಾ ಬರಬೇಕು’ ಎನ್ನುವ ಗೆಳೆಯರಿದ್ದರೆ ಅಂಗಡಿಯ ಮೊಝರೆಲ್ಲಾ ಸ್ವಲ್ಪ ತುರಿದು ಹಾಕಿ. ದಾರ ಬರುವುದು ಅದರಿಂದ. ನಮ್ಮ ಮನೆ ಚೀಸಿನಿಂದ ದಾರ ಬರೋದಿಲ್ಲ, ರುಚಿ ಬರುತ್ತದೆ.

ಭಟ್ಟಿ ಇಲ್ಲದ ಮನೆಯಲ್ಲಿ...

‘ಬಿಗ್ ನೈಟ್’ ಅಂತ 1996ರ ಒಂದು ಚಿತ್ರವಿದೆ. ಅಮೆರಿಕದಲ್ಲಿ ನಷ್ಟದಲ್ಲಿ ಓಡುತ್ತಿರುವ ಹೋಟೆಲಿನ ಇಬ್ಬರು ಇಟಲಿ ಅಣ್ಣ-ತಮ್ಮಂದಿರು ಒಬ್ಬ ದೊಡ್ಡ ಹಾಡುಗಾರ ಬರುತ್ತಾನೆಂದು ಉಳಿದ ದುಡ್ಡೆಲ್ಲ ಸುರಿದು ಅಡುಗೆ ಮಾಡುತ್ತಾರೆ. ಅದರಲ್ಲಿ ‘ಟಿಂಪಾನೋ’ ಎಂಬ ನಗಾರಿಯಷ್ಟು ದೊಡ್ಡ ಕಡುಬು, ಒಳಗೆಲ್ಲ ಪಾಸ್ತಾ, ಭಟ್ಟಿಯಲ್ಲಿ ಬೆಂದು ಹೊರಬರುತ್ತದೆ. ಬೋರಲು ಹಾಕಿ, ಕಿವಿಯಿಟ್ಟು ಕೇಳಿ, ತಟ್ಟಿ ನೋಡುವ ಆ ದೃಶ್ಯಕ್ಕೆ ಯಾವ ಫೈಟ್ ಸೀನೂ ಸಾಟಿಯಿಲ್ಲ! ಹಾಡುಗಾರ ಮಾತ್ರ ಬರುವುದೇ ಇಲ್ಲ. ಸಿಕ್ಕರೆ ನೋಡಿ, ಊಟ ಮಾಡಿಯೇ ನೋಡಿ.

ನಮ್ಮ ಮನೆಯಲ್ಲಿ ಭಟ್ಟಿ ಎಲ್ಲಿಂದ ತರೋಣ? ಕೆಲವರು ಪ್ರೆಷರ್ ಕುಕ್ಕರನ್ನೇ ನೀರಿಲ್ಲದೆ ಕಾಸುತ್ತಾರೆ. ನಮ್ಮ ಸಲಹೆ: ಬೇಡ. ರಬ್ಬರು ಸೀಟಿ ತೆಗೆದರೂ ಒಳಗಿನ ಸೇಫ್ಟಿ ವಾಲ್ವ್ ಕರಗುತ್ತದೆ, ಅವ್ವನ ಕುಕ್ಕರ್ ಹಾಳಾದರೆ ನಿಮ್ಮ ಅಡುಗೆ ವೃತ್ತಿಗೆ ಅಂದೇ ‘ಶುಭಂ’! ಮೂಲೆಯಲ್ಲಿ ಬಿದ್ದಿರುವ ಹಳೆಯ ದಪ್ಪ ಪಾತ್ರೆ ತಗೊಳ್ಳಿ. ತಳಕ್ಕೆ ಎರಡು ಬೆರಳು ದಪ್ಪ ತೊಳೆದು ಒಣಗಿಸಿದ ಉಸುಕು ಅಥವಾ ಒರಟು ಉಪ್ಪು ಹಾಕಿ. ಅದರ ಮೇಲೆ ಒಂದು ಸ್ಟ್ಯಾಂಡ್. ಭಾರವಾದ ಮುಚ್ಚಳ ಮುಚ್ಚಿ ದೊಡ್ಡ ಉರಿಯಲ್ಲಿ 10-12 ನಿಮಿಷ ಕಾಸಿ. ಇದೇ ನಿಮ್ಮ ಭಟ್ಟಿ.

ಬೆಣ್ಣೆ ಸವರಿದ ಅಲ್ಯುಮಿನಿಯಂ ಅಥವಾ ಸ್ಟೀಲ್ ಡಬ್ಬಿಗೆ ಕಲಸಿದ ಮ್ಯಾಕರೋನಿ ತುಂಬಿ. ಮೇಲೆ ಉಳಿದ ಚೀಸ್ ಉದುರಿಸಿ. ಅದರ ಮೇಲೆ ಬೇಕರಿಯ ಎರಡು ಟೋಸ್ಟ್ ಪುಡಿ ಮಾಡಿ, ಒಂದು ಚಮಚ ಕರಗಿದ ಬೆಣ್ಣೆಯಲ್ಲಿ ಕಲಸಿ ಹರಡಿ. ಸಿಹಿ ಟೋಸ್ಟ್ ಅಲ್ಲ, ಸಪ್ಪೆಯದು. ಬಸ್ ಸ್ಟ್ಯಾಂಡಿನ ಬೇಕರಿಯಲ್ಲಿ ಎರಡೂ ಇರುತ್ತವೆ, ಕೇಳಿ ತಗೊಳ್ಳಿ. ಡಬ್ಬಿಯನ್ನು ಇಕ್ಕಳದಲ್ಲಿ ಹಿಡಿದು ಸ್ಟ್ಯಾಂಡಿನ ಮೇಲಿಟ್ಟು, ಉರಿ ಸಣ್ಣ ಮಾಡಿ, 25 ನಿಮಿಷ ಮುಚ್ಚಿಬಿಡಿ. ಪದೇ ಪದೇ ತೆಗೆದು ಇಣುಕಿದರೆ ಕಾವೆಲ್ಲ ಹೋಗುತ್ತದೆ. ಸಸ್ಪೆನ್ಸ್ ಚಿತ್ರದ ಕ್ಲೈಮ್ಯಾಕ್ಸ್ ಮೊದಲೇ ಕೇಳಿಕೊಂಡ ಹಾಗೆ.

ಒಂದು ಕೊರತೆ ಉಳಿಯುತ್ತದೆ. ಕಾವೆಲ್ಲ ಕೆಳಗಿನಿಂದ ಬರುವುದರಿಂದ ಮೇಲ್ಮೈ ಬೆಳ್ಳಗೇ ಇರುತ್ತದೆ, ಹೊಂಬಣ್ಣ ಬರೋದಿಲ್ಲ. ಉಪಾಯ ನಮ್ಮ ಹಳ್ಳಿಯ ಹೆಂಗಸರದ್ದೇ: ಕೆಳಗೂ ಕೆಂಡ, ಮೇಲೂ ಕೆಂಡ! ಕಟ್ಟಿಗೆ ಒಲೆಯಿದ್ದ ಮನೆಯವರು ಮುಚ್ಚಳದ ಮೇಲೆ ನಾಲ್ಕು ಕೆಂಡ ಇಟ್ಟರೆ ಹತ್ತೇ ನಿಮಿಷದಲ್ಲಿ ಮೇಲಿನ ಪುಡಿ ಗರಿಗರಿ. ಗ್ಯಾಸಿನವರು ಕಬ್ಬಿಣದ ತವೆಯನ್ನು ಹೊಗೆ ಬರುವಷ್ಟು ಕಾಸಿ, ಮುಚ್ಚಳದ ಬದಲು ಅದನ್ನೇ ಡಬ್ಬಿಯ ಮೇಲೆ ಬೋರಲು ಹಾಕಲಿ. ಚೀಸಿಗೂ ತವೆಗೂ ಒಂದು ಬೆರಳು ಸಂದು ಇರಲಿ. ಬೇಕರಿಯವರ ಪರಿಚಯ ಇದ್ದರೆ ಇಷ್ಟೆಲ್ಲ ಕಷ್ಟವೇ ಬೇಡ. ಪಾವ್ ತೆಗೆದ ಮೇಲೂ ಅವರ ಭಟ್ಟಿ ಬಹಳ ಹೊತ್ತು ಕಾದಿರುತ್ತದೆ, ಕೇಳಿ ನೋಡಿ.

ಆಯಿತೋ ಇಲ್ಲವೋ ತಿಳಿಯುವುದು ಹೇಗೆ? ಅಂಚಿನಲ್ಲಿ ಸಾಸು ಗುಳುಗುಳು ಕುದಿಯುತ್ತಿರಬೇಕು, ಮೇಲೆ ಹೊಂಬಣ್ಣ ಇರಬೇಕು. ಇಳಿಸಿ, ಐದು ನಿಮಿಷ ತಾಳಿ. ಕೂಡಲೇ ಕತ್ತರಿಸಿದರೆ ಸಾಸೆಲ್ಲ ಹರಿಯುತ್ತದೆ, ನಾಲಿಗೆಯೂ ಸುಡುತ್ತದೆ.

ಬಡಿಸುವಾಗ

ಫೋರ್ಕ್ ಬೇಕೇ ಬೇಕೆಂದಿಲ್ಲ. ‘ಸಿಟಿ ಲೈಟ್ಸ್’ (1931) ಚಿತ್ರದಲ್ಲಿ ಚಾರ್ಲಿ ಚಾಪ್ಲಿನ್ ಮೇಲಿನಿಂದ ಇಳಿಬಿದ್ದ ಬಣ್ಣದ ಕಾಗದದ ರಿಬ್ಬನ್ನನ್ನೂ ಸ್ಪಾಗೆಟಿ ಅಂತ ತಿಳಿದು ಎದ್ದುನಿಂತು ಮೇಲಕ್ಕೆ ಮೇಲಕ್ಕೆ ತಿನ್ನುತ್ತಾನಲ್ಲ, ಅಂಥ ಫಜೀತಿ ಮ್ಯಾಕರೋನಿಯಲ್ಲಿಲ್ಲ. ಚಮಚ ಸಾಕು, ಕೈಯಾದರೂ ಸರಿ. ಪಕ್ಕಕ್ಕೆ ಹಸಿ ಉಳ್ಳಾಗಡ್ಡಿ, ಒಂದು ಹೋಳು ಲಿಂಬೆ, ಬೇಕಾದವರಿಗೆ ಶೇಂಗಾ ಹಿಂಡಿ.

ಮೊದಲ ತಟ್ಟೆ ಬೀಡಿ ಮೊರದ ಮುಂದೆ ಹೋಗಲಿ. ‘ಏನೋ ಇದು, ಶ್ಯಾವಿಗಿ ಸುಟ್ಟೀಯೇನು?’ ಅಂತ ಅವ್ವ ಕೇಳಿಯಾಳು. ವಾದ ಮಾಡಬೇಡಿ, ‘ಹೌದವ್ವಾ, ಆಡಿನ ಹಾಲಾಗಿಂದು’ ಅನ್ನಿ, ಅರ್ಧ ನಿಜವೇ ಅದು. ತಂಬಾಕು ಮುಟ್ಟಿದ ಕೈಯನ್ನು ಸಾಬೂನಿನಿಂದ ತೊಳೆಯಲು ನೀರು ನೀವೇ ಕೊಡಿ. ಆ ಪುಡಿ ಉಗುರಿನ ಸಂದಿಯಲ್ಲಿ ಕೂತಿರುತ್ತದೆ, ಬರೀ ನೀರಿಗೆ ಹೋಗೋದಿಲ್ಲ. ಪಾತ್ರೆ ತಿಕ್ಕುವುದೂ ನಿಮ್ಮದೇ ಪಾಲು. ಡಬ್ಬಿಯ ಅಂಚಿಗೆ ಅಂಟಿದ ಚೀಸ್ ಬಿಸಿನೀರಿನಲ್ಲಿ ಅರ್ಧ ಗಂಟೆ ನೆನೆದರೆ ತಾನೇ ಬಿಡುತ್ತದೆ.

ಉಳಿದರೆ? ಉಳಿಯುವುದು ಅನುಮಾನ. ಉಳಿದರೆ ಮುಚ್ಚಿ ಫ್ರಿಜ್ಜಿನಲ್ಲಿಟ್ಟು ಮರುದಿನವೇ ಮುಗಿಸಿ, ಫ್ರಿಜ್ ಇಲ್ಲದವರು ರಾತ್ರಿಯೇ ನೆರೆಮನೆಗೆ ಒಂದು ತಟ್ಟೆ ಕೊಟ್ಟುಬಿಡಿ. ಬೆಳಿಗ್ಗೆ ಗಟ್ಟಿಯಾದ ಮ್ಯಾಕರೋನಿಯನ್ನು ಬರ್ಫಿಯಂತೆ ಕತ್ತರಿಸಿ, ಚೂರು ಎಣ್ಣೆ ಹಾಕಿ ತವೆಯ ಮೇಲೆ ಎರಡೂ ಕಡೆ ಕೆಂಪಗೆ ಮಾಡಿ ಕಾಗದದಲ್ಲಿ ಸುತ್ತಿಕೊಂಡರೆ, ಏಳೂವರೆಯ ಚಿಕ್ಕೋಡಿ ಬಸ್ಸಿನಲ್ಲಿ ಸೀಟು ಸಿಗದಿದ್ದರೂ ನಿಂತುಕೊಂಡೇ ತಿನ್ನಬಹುದು.